ಆರು ಕಮಾನಿನ ಕಾಲಸಂಕ: ಹಿಂದಕ್ಕೂ ದಾಟಲು ಬಿಡಬೇಕೇ?

ಕಾಸರಗೋಡಿನ ಚಂದ್ರಗಿರಿ ಹೊಳೆಯ ಮೇಲೆ ಕಟ್ಟುಕತೆಯ ಒಂದು ಸಂಕ, ಅಂದರೆ ಸೇತುವೆ, ಇದೆ ಅಂದುಕೊಳ್ಳಿ. ಅದಕ್ಕೆ ಆರು ಕಮಾನು. ಒಂದೊಂದು ಕಮಾನು ದಾಟಿದರೆ ಒಂದು ಸಂವತ್ಸರ ಚಕ್ರ, ಅಂದರೆ 60 ವರ್ಷ, ಕಳೆಯುತ್ತದೆ. ತೆಂಕು ದಡದಲ್ಲಿ, ಶಿವಪ್ಪ ನಾಯಕನ ಕೋಟೆಯ ಬುಡದಲ್ಲಿ, 1660ರ ಯುಗಾದಿ. ಬಡಗು ದಡದಲ್ಲಿ 2020ರ ಯುಗಾದಿ. ನಡುವಿನ ಐದು ಕಂಬಗಳಿಗೂ ಇಳಿಯುವ ಮೆಟ್ಟಿಲುಗಳಿವೆ: 1720, 1780, 1840, 1900, 1960. ಮುಂದಕ್ಕೆ ನಡೆಯುವುದಕ್ಕೆ ಯಾರ ತಕರಾರೂ ಇಲ್ಲ. ಹಿಂದಕ್ಕೂ ಬಿಡಬೇಕೇ ಎಂಬುದಷ್ಟೇ ಜಗಳ.

ಪರ

ಕಮಾನು ನಿಲ್ಲುವುದು ಎರಡೂ ಕಡೆಯಿಂದ ಒತ್ತು ಸಿಕ್ಕಿದರೆ ಮಾತ್ರ. ನೆತ್ತಿಯ ಮೇಲೆ ಭಾರ ಬಿದ್ದರೆ ಅದು ಅಷ್ಟು ಹೆದರುವುದಿಲ್ಲ; ಕಾಲುಭಾಗದ ಮೇಲೆ ಬಿದ್ದರೆ ಕಷ್ಟ. ಭಾರ ಇದ್ದ ಕಡೆ ತಗ್ಗುತ್ತದೆ, ಎದುರು ಮಗ್ಗುಲು ಉಬ್ಬುತ್ತದೆ, ನಾಲ್ಕು ಸಂದುಗಳು ಬಾಯಿಬಿಟ್ಟವೋ, ಕಮಾನು ಹೊಳೆಯ ಪಾಲು. ಕಾಲದ ಭಾರಕ್ಕೂ ಇದೇ ನಿಯಮ ಹಾಕಿ ನೋಡಿ. ಮುಂದಕ್ಕೆ ಮಾತ್ರ ಬಿಟ್ಟರೆ ಜನವೆಲ್ಲ ಬಡಗು ತುದಿಗೆ ಬಂದು ಬೀಳುತ್ತಾರೆ, ಕೋಟೆಯ ಬುಡ ಬರಿದಾಗುತ್ತದೆ. ಬಂದಷ್ಟೇ ಜನ ಹೋಗಲೂ ಬೇಕು.

ದುರಸ್ತಿಯ ಮಾತು ಇದಕ್ಕಿಂತ ದೊಡ್ಡದು. ಮುರಕಲ್ಲು ಕಡಿಯುವಾಗ ಮೆದು, ಗಾಳಿಗೆ ಬಿಟ್ಟಂತೆ ಗಟ್ಟಿಯಾಗುತ್ತದೆ. ಗಾರೆಯದೂ ಹೆಚ್ಚುಕಡಿಮೆ ಇದೇ ಸ್ವಭಾವ. ಒಂದು ಪಾಲು ಚಿಪ್ಪಿನ ಸುಣ್ಣ, ಮೂರು ಪಾಲು ಹೊಯಿಗೆ (ಮರಳು), ಬೆಲ್ಲದ ನೀರು ಹಾಕಿ ಅರೆದ ಗಾರೆ ಗಾಳಿಯ ಇಂಗಾಲಾಮ್ಲ ಹೀರುತ್ತ ಹೊರಗಿನಿಂದ ಒಳಕ್ಕೆ ಬಿಗಿಯುತ್ತದೆ. ದಪ್ಪ ಗೋಡೆಯ ಹೊಟ್ಟೆಯೊಳಗೆ ಬಿಗಿಯಲು ವರ್ಷಗಟ್ಟಲೆ ಬೇಕು. ಬೇರೆ ಸಂಕಗಳಲ್ಲಿ ಅಷ್ಟು ಕಾಯುವ ಪುರುಸೊತ್ತು ಯಾರಿಗೂ ಇಲ್ಲ, ಅದಕ್ಕಿಂತ ಮೊದಲೇ ಕಮಾನಿನ ಅಡಿಯ ಮರದ ಅಟ್ಟ ಬಿಚ್ಚುತ್ತಾರೆ. ಇಲ್ಲಿ ಹಾಗಲ್ಲ. ಮೇಸ್ತ್ರಿ 1660ರಲ್ಲಿ ಕಲ್ಲು ಕೂರಿಸಿ, 1720ರ ಮೆಟ್ಟಿಲಿಗೆ ನಡೆದು ಹೋಗಿ, ಮರದ ಕೊಡತಿಯಲ್ಲಿ ಒಂದೊಂದೇ ಕಲ್ಲು ತಟ್ಟುತ್ತಾನೆ. ಟಣ್ ಎಂದರೆ ಸರಿ. ಟೊಳ್ಳು ಸದ್ದು ಬಂದರೆ ಆ ಕಲ್ಲಿಗೆ ಸುಣ್ಣದ ಗುರುತು ಹಾಕಿ, ಹಿಂದಕ್ಕೆ ಬಂದು, ಅದೇ ಸಂದಿಗೆ ಮತ್ತೆ ಗಾರೆ ತುಂಬುತ್ತಾನೆ. 60 ವರ್ಷದ ಪರೀಕ್ಷೆ ಒಂದೇ ಮಧ್ಯಾಹ್ನಕ್ಕೆ ಮುಗಿಯಿತು. ಹಿಂದಿನ ದಾರಿ ಮುಚ್ಚಿದರೆ ಬಿರುಕು ಕಾಣುತ್ತದೆ, ಹೇಳಲು ಆಳಿಲ್ಲ.

ದಾರಿ ತೆರೆದರೆ ಕಾಸರಗೋಡಿನ ಕನ್ನಡಿಗರೆಲ್ಲ, ಊರು ಕೇರಳಕ್ಕೆ ಸೇರುವುದನ್ನು ತಡೆಯಲು, 1956ಕ್ಕೆ ಓಡುತ್ತಾರೆ ಎಂದು ಹೆದರುವವರು ಮೆಟ್ಟಿಲು ಎಣಿಸಲಿ. 1960ರಲ್ಲಿ ಇಳಿದರೆ ಊರು ಸೇರಿದ ಆ ನವೆಂಬರ್ 1 ಕಳೆದು ಮೂರು ವರ್ಷ ಮೀರಿದೆ. 1900ರಲ್ಲಿ ಇಳಿದರೆ ಇನ್ನೂ 56 ವರ್ಷ ಕಾಯಬೇಕು. 25ರ ಹುಡುಗ 81ರ ಅಜ್ಜನಾಗಿ ಅರ್ಜಿ ಹಿಡಿದು ನಿಲ್ಲಬೇಕು. 60ರ ಅಳತೆ ಇಟ್ಟದ್ದೇ ಅದಕ್ಕೆ.

ವಿರೋಧ

ಅಳತೆಯೇನೋ ಚೆಂದ. ಅದೇ ಅಳತೆಯಿಂದಾಗಿ ಎರಡು ದಡ, ಐದು ಕಂಬ, ಹೀಗೆ ಏಳೂ ಕಟ್ಟೆಗಳ ಹಲಗೆಯಲ್ಲಿ ಒಂದೇ ಹೆಸರು: ಶಾರ್ವರಿ ಸಂವತ್ಸರ, ಚೈತ್ರ ಶುದ್ಧ ಪಾಡ್ಯ. ಶಾಸನ ಓದುವವರಿಗೆ ಈ ಕಷ್ಟ ಗೊತ್ತು. ಶಕದ ಅಂಕೆ ಒಡೆದು ಸಂವತ್ಸರದ ಹೆಸರಷ್ಟೇ ಉಳಿದಿದ್ದರೆ ಲೆಕ್ಕ 60 ವರ್ಷ ಆಚೀಚೆ ಆಗಬಹುದು. ಅಂಕೆ ಕೆತ್ತಿಸಿದರೂ ಗೊಂದಲ ತೀರದು. ಕೋಟೆಯ ಬುಡದಲ್ಲಿ ಶಕ 1582, ಕೇರಳದ ಕೊಲ್ಲವರ್ಷ 835, ಕ್ರಿ.ಶ. 1660. ಮೂರೂ ಒಂದೇ ದಿನ. ಹಿಂದಕ್ಕೆ ಬರುವ ಮೇಸ್ತ್ರಿ 1720 ಎಂದು ತಿಳಿದು 1780ರಲ್ಲಿ ಇಳಿದು, ಗಟ್ಟಿ ಇದ್ದ ಸಂದಿ ಕೆದಕಿದ ಅನ್ನಿ. ಅಲ್ಲಿಂದ ಮುಂದಿನ ಕಮಾನುಗಳೆಲ್ಲ ಅವನ ತಲೆಗೆ.

ಇನ್ನು ಆ ಟೊಳ್ಳು ಸದ್ದು. 1660ರಲ್ಲಿ ಸಂದಿ ತುಂಬಿದ ಮೇಲೆ 1720ರಲ್ಲಿ ಟೊಳ್ಳು ಸದ್ದೇ ಇಲ್ಲ. ಸದ್ದು ಕೇಳದ ಮೇಸ್ತ್ರಿ ಹಿಂದಿರುಗಿದ್ದೇಕೆ? ಈ ಗಂಟು ಬಿಡಿಸದೆ ಕತೆ ನಿಲ್ಲದು. ಬಿರುಕು ಕಂಡಲ್ಲೇ ಅದಕ್ಕೆ ಅಡ್ಡಲಾಗಿ ತೆಳು ಗಾಜಿನ ಪಟ್ಟಿಯನ್ನು ಗಾರೆಯಲ್ಲಿ ಕೂರಿಸಿದರೆ ಸಾಕು. ಗಾಜು ಒಡೆದರೆ ಬಿರುಕು ಇನ್ನೂ ಬೆಳೆಯುತ್ತಿದೆ. ಇಡಿಯಾಗಿ ಉಳಿದರೆ ಅದು ಹಳೆಯ ಗಾಯ. ಮುಂದಿನ ಕಟ್ಟೆಯವನು ನೋಡಿಕೊಳ್ಳುತ್ತಾನೆ.

ನನ್ನ ನಿಜವಾದ ಹೆದರಿಕೆ ರೋಗದ್ದು. ಭಾರತದಲ್ಲಿ ಸಿಡುಬಿನ ಕೊನೆಯ ಪ್ರಕರಣ 1975ರದು. 1980ರಲ್ಲಿ ಲೋಕದಿಂದಲೇ ಅದು ಹೋಯಿತೆಂದು ಸಾರಿದರು, ಮಕ್ಕಳಿಗೆ ಆ ಲಸಿಕೆ ಹಾಕುವುದೂ ನಿಂತಿತು. 2020ರಿಂದ ಮೂವತ್ತರ ಯುವಕನೊಬ್ಬ 1900ಕ್ಕೆ ಇಳಿದು ಸಂಜೆಗೆ ವಾಪಸ್ ಬಂದ ಅನ್ನಿ. ಸಿಡುಬು ಮೈಹೊಕ್ಕ ಮೇಲೆ ಒಂದೆರಡು ವಾರ ಜ್ವರವೂ ಇಲ್ಲ, ಬೊಕ್ಕೆಯೂ ಇಲ್ಲ. ಬಾಗಿಲಲ್ಲಿ ನಿಂತು ಹಣೆ ಮುಟ್ಟಿ ನೋಡುವ ಕಾವಲುಗಾರನಿಗೆ ಏನು ಗೊತ್ತಾಗಬೇಕು?

ಹೋಗುವ ದಿಕ್ಕಿನಲ್ಲೂ ಕತೆ ಬೇರೆಯಲ್ಲ. ಬಡಗು ಬಾಗಿಲು ತೆರೆಯುವುದು 2020ರ ಯುಗಾದಿಯಂದು. ಅದು ಮಾರ್ಚ್ 25, ಕೊರೊನಾಕ್ಕೆ ದೇಶವಿಡೀ ಲಾಕ್‌ಡೌನ್ ಶುರುವಾದ ದಿನ. ತಲಪಾಡಿಯಲ್ಲಿ ಕೇರಳ-ಕರ್ನಾಟಕ ಗಡಿ ಮುಚ್ಚಿ, ಮಂಗಳೂರಿನ ಆಸ್ಪತ್ರೆಗೆ ಹೊರಟ ರೋಗಿಗಳು ಅಲ್ಲೇ ನಿಂತ ಕಾಲ. ಮಂಗಳೂರಿಗೇ ಬಿಡದ ದಿನ 1660ಕ್ಕೆ ಬಿಡುವುದೆಂದರೆ!

ಮುಂದಕ್ಕೆ ಬರುವವರೂ ರೋಗ ತರುತ್ತಾರಲ್ಲ ಎಂದರೆ, ಹೌದು. ಅವರನ್ನು ಕಂಬದೊಳಗಿನ ಒಂದು ಕೋಣೆಯಲ್ಲಿ ಮೂರು ವಾರ ಕೂರಿಸಬಹುದು. ಎರಡೂ ದಿಕ್ಕಾದರೆ ಬರುವವರು, ಹೋಗುವವರು ಒಬ್ಬರನ್ನೊಬ್ಬರು ಮುಟ್ಟಬಾರದು. ಪ್ರತಿ ಕಂಬಕ್ಕೂ ಎರಡು ಕೋಣೆ, ಎರಡು ಮೆಟ್ಟಿಲು. ಕಂಬ ದಪ್ಪವಾದಷ್ಟೂ ಹೊಳೆಯ ದಾರಿ ಕಿರಿದಾಗುತ್ತದೆ, ಕಮಾನಿನಡಿಯ ನೀರಿಗೆ ವೇಗ ಬರುತ್ತದೆ. ಆಟಿಯ (ತುಳುವರ ಮಳೆಗಾಲದ ತಿಂಗಳು) ನೆರೆ ಬಂದಾಗ ಆ ವೇಗ ಕಂಬದ ಬುಡದ ಹೊಯಿಗೆಯನ್ನು ಕೊರೆದು ಒಯ್ಯುತ್ತದೆ. ಅದೂ ಒಂದು ಮಳೆಗಾಲದ ನೆರೆಯಲ್ಲ, 360 ಮಳೆಗಾಲಗಳದ್ದು.