ಸತ್ಯಾಂಶ: ಮಾರಿಯನ್ ದ್ವೀಪದ ಇಲಿಗಳಿಗೆ ಬೆಕ್ಕು ಮದ್ದಲ್ಲ

"ಮಾರಿಯನ್ ದ್ವೀಪದಲ್ಲಿ ಇಲಿಗಳು ಆಲ್ಬಟ್ರಾಸ್ ಹಕ್ಕಿಗಳನ್ನು ಜೀವಂತ ತಿನ್ನುತ್ತಿವೆ. ವಿಷ ಸುರಿಯುವ ಬದಲು ನಾಲ್ಕು ಬೆಕ್ಕು ಬಿಟ್ಟರಾಯಿತಲ್ಲ?" ಎಂಬ ಫಾರ್ವರ್ಡ್ ಓಡಾಡುತ್ತಿದೆ. ಮೊದಲ ಮಾತು ನಿಜ. ಎರಡನೆಯದನ್ನು ಅಲ್ಲೇ ಮಾಡಿ ನೋಡಿಯಾಗಿದೆ.

ಮಾರಿಯನ್, ಕೇಪ್‌ಟೌನ್‌ನಿಂದ ಸುಮಾರು 2,000 ಕಿ.ಮೀ. ದೂರದ ಜ್ವಾಲಾಮುಖಿ ದ್ವೀಪ. ಸೀಲ್ ಬೇಟೆಗಾರರ ಹಡಗುಗಳಿಂದ 19ನೇ ಶತಮಾನದಲ್ಲಿ ಇಲಿಗಳು ಇಳಿದವು. 1949ರ ಹೊತ್ತಿಗೆ ಹವಾಮಾನ ಕೇಂದ್ರದವರು ಇಲಿ ಹಿಡಿಯಲೆಂದು ಐದು ಬೆಕ್ಕು ತಂದರು. 1970ರ ದಶಕದಲ್ಲಿ ಅವು ಎರಡು ಸಾವಿರ ದಾಟಿ, ವರ್ಷಕ್ಕೆ ಅಂದಾಜು 4.5 ಲಕ್ಷ ಹಕ್ಕಿಗಳನ್ನು ಕೊಲ್ಲುತ್ತಿದ್ದವು. ಬಿಲದಲ್ಲಿ ಗೂಡು ಕಟ್ಟುವ ಪೆಟ್ರೆಲ್ ಎಂಬ ಕಡಲಹಕ್ಕಿ ಸಲೀಸಾಗಿ ಸಿಗುವಾಗ ಬೆಕ್ಕು ಇಲಿಯ ಹಿಂದೇಕೆ ಓಡೀತು? ವೈರಸ್, ಬಂದೂಕು, ಬೋನು ಎಲ್ಲ ಬಳಸಿ 1991ರ ಹೊತ್ತಿಗೆ ಬೆಕ್ಕುಗಳನ್ನು ತೆಗೆಯಬೇಕಾಯಿತು.

ಇಲಿಗಳು ಉಳಿದವು. ಹವೆ ಬೆಚ್ಚಗಾದಂತೆ ಹೆಚ್ಚಿದವು. ಹುಳಹುಪ್ಪಟೆ ಕಡಿಮೆಯಾದಾಗ ರಾತ್ರಿ ಗೂಡು ಹತ್ತಿ ಆಲ್ಬಟ್ರಾಸ್ ಮರಿಯ ನೆತ್ತಿ ಕಡಿಯತೊಡಗಿದವು. ಮರಿ ಕದಲುವುದಿಲ್ಲ, ನೆಲದ ಶತ್ರುವಿನಿಂದ ತಪ್ಪಿಸಿಕೊಳ್ಳುವುದು ಅದರ ವಂಶಕ್ಕೇ ಗೊತ್ತಿಲ್ಲ. 2023ರಲ್ಲಿ ದೊಡ್ಡ ಹಕ್ಕಿಗಳೂ ಹೀಗೆ ಸತ್ತವು.

ಉಳಿದ ದಾರಿ, ಬ್ರೋಡಿಫಕೂಮ್ ಎಂಬ ಇಲಿವಿಷ ಬೆರೆಸಿದ ಧಾನ್ಯದ ಗುಳಿಗೆಗಳನ್ನು ಹೆಲಿಕಾಪ್ಟರ್‌ನಿಂದ ಚೆಲ್ಲುವುದು. ಅದೂ ಚಳಿಗಾಲದಲ್ಲಿ: ಆಗ ಇಲಿಗಳು ಹಸಿದಿರುತ್ತವೆ, ಮರಿ ಹಾಕುವುದಿಲ್ಲ, ಬಹಳಷ್ಟು ಹಕ್ಕಿಗಳು ಕಡಲಲ್ಲಿರುತ್ತವೆ. ಪ್ರತಿ ಇಲಿಯ ಓಡಾಟದ ಜಾಗಕ್ಕೂ ಗುಳಿಗೆ ಬೀಳಬೇಕು, ಹಾಗಾಗಿ ಜಿಪಿಎಸ್ ನೋಡಿ ಗುಳಿಗೆ ಚೆಲ್ಲಿದ ಒಂದು ಪಟ್ಟಿಯ ಮೇಲೆ ಇನ್ನೊಂದರ ಅಂಚು ಬರುವಂತೆ ಹಾರಿಸುತ್ತಾರೆ. ಕೊಳೆತದ್ದನ್ನು ತಿನ್ನುವ ಕೆಲವು ಹಕ್ಕಿಗಳೂ ಸಾಯುತ್ತವೆ, ಮುಚ್ಚಿಡುವಂಥದ್ದೇನಲ್ಲ. ಒಂದು ಬಸುರಿ ಇಲಿ ಉಳಿದರೂ ಅಷ್ಟೂ ಕೆಲಸ ವ್ಯರ್ಥ. ದಕ್ಷಿಣ ಅಟ್ಲಾಂಟಿಕ್‌ನ ಗಾಫ್ ದ್ವೀಪದಲ್ಲಿ 2021ರ ಇಂಥದ್ದೇ ಪ್ರಯತ್ನದ ನಂತರವೂ ಇಲಿ ಕಾಣಿಸಿತು. ಆದರೆ ನ್ಯೂಜಿಲೆಂಡಿನ ಆಂಟಿಪೋಡಿಸ್ ದ್ವೀಪದಲ್ಲಿ 2016ರ ಕಾರ್ಯಾಚರಣೆ ಫಲ ಕೊಟ್ಟಿತು. ಸುಮಾರು ಎರಡು ವರ್ಷ ಕಾದು, ಹುಡುಕಿಸಿದ ಮೇಲೆಯೇ ಇಲಿಮುಕ್ತ ಎಂದು ಘೋಷಿಸಿದರು.