ಎಲ್ಲ ಸಿನಿಮಾದಲ್ಲೂ ಹೀ ಬಾಂಗ್

ಪೋಷಕ ನಟರ ಪಾಡು ವಿಚಿತ್ರ. ಮುಖ ಎಲ್ಲರಿಗೂ ಗೊತ್ತು. ಹೆಸರು ಕೇಳಿದರೆ ಮಾತ್ರ ‘ಅದೇ ರೀ, ಆ ಸಿನಿಮಾದಲ್ಲಿ ಅಜ್ಜ ಆಗಿದ್ರಲ್ಲ’ ಅನ್ನುತ್ತೇವೆ. ಕೊರಿಯಾದ ಬ್ಯುನ್ ಹೀ ಬಾಂಗ್ ವಿಷಯದಲ್ಲಿ ಆ ಕಷ್ಟವಿಲ್ಲ. ನಿರ್ದೇಶಕ ಬಾಂಗ್ ಜೂನ್ ಹೋ ನಟನ ಹೆಸರನ್ನೇ ಪಾತ್ರಕ್ಕೂ ಇಟ್ಟುಬಿಟ್ಟರು. 2003ರ ‘ಮೆಮೊರೀಸ್ ಆಫ್ ಮರ್ಡರ್’ನಲ್ಲಿ ಪೊಲೀಸ್ ಅಧಿಕಾರಿ ಹೀ ಬಾಂಗ್. 2006ರ ‘ದಿ ಹೋಸ್ಟ್’ನಲ್ಲಿ ಅಪ್ಪ ಹೀ ಬಾಂಗ್. 2017ರ ‘ಓಕ್ಜಾ’ದಲ್ಲಿ ಅಜ್ಜ ಹೀ ಬಾಂಗ್. ಇನ್ನು ಮರೆಯೋದಾದರೂ ಹೇಗೆ? ತಮಾಷೆ ಅಂದರೆ, ಮನೆಯವರು ಇಟ್ಟ ಹೆಸರು ಅದಲ್ಲವೇ ಅಲ್ಲ, ಇನ್ ಚೊಲ್.

1942ರಲ್ಲಿ ಹುಟ್ಟಿದವರು. 1966ರಲ್ಲಿ ಧ್ವನಿ ಕಲಾವಿದರಾಗಿ ಶುರುಮಾಡಿ, ಆಮೇಲೆ ವರ್ಷಗಟ್ಟಲೆ ಟಿ.ವಿ. ಧಾರಾವಾಹಿಗಳಲ್ಲಿ ದುಡಿದರು. ಪತ್ತೇದಾರಿ ಧಾರಾವಾಹಿಯಲ್ಲಿ ಕಳ್ಳ, ಖದೀಮ. ಐತಿಹಾಸಿಕ ಧಾರಾವಾಹಿಯಲ್ಲಿ ಅರಮನೆಯ ಕುತಂತ್ರಿ. ಇದನ್ನೆಲ್ಲ ಬಾಯಿಬಿಟ್ಟುಕೊಂಡು ನೋಡುತ್ತಿದ್ದ ಹುಡುಗರಲ್ಲಿ ಬಾಂಗ್ ಜೂನ್ ಹೋ ಕೂಡ ಒಬ್ಬ. ದೊಡ್ಡವನಾಗಿ 2000ದಲ್ಲಿ ಮೊದಲ ಸಿನಿಮಾ ಮಾಡಿದಾಗ ಅವರನ್ನೇ ಕರೆದ. ಅಪಾರ್ಟ್‌ಮೆಂಟಿನ ನೆಲಮಾಳಿಗೆಯಲ್ಲಿ ಕೂತು ಬಾಯ್ಲರ್ ರಿಪೇರಿಯವನೊಬ್ಬನ ದೆವ್ವದ ಕಥೆ ಹೇಳುವ ಕಾವಲುಗಾರನ ಪಾತ್ರ. ಕಥೆಗೂ ಸಿನಿಮಾಕ್ಕೂ ಅಂಥ ಸಂಬಂಧವೇನಿಲ್ಲ. ಆದರೂ ನಾವು ಉಸಿರು ಬಿಗಿಹಿಡಿದು ಕೇಳುತ್ತೇವೆ. ರೇಡಿಯೋ ಕಾಲದ ಗಂಟಲು ಸುಮ್ನೆ ಅಲ್ಲ!

ನನಗೆ ಮಾತ್ರ ‘ದಿ ಹೋಸ್ಟ್’ನ ಅಪ್ಪನೇ ಇಷ್ಟ. ಹಾನ್ ನದಿ ದಂಡೆಯಲ್ಲಿ ತಿಂಡಿ ಅಂಗಡಿ. ಗಿರಾಕಿಯ ಸುಟ್ಟ ಸ್ಕ್ವಿಡ್‌ನಿಂದ ಒಂದು ಕಾಲು ಕಿತ್ತು ತಿನ್ನುವ ಹಿರಿಮಗ. ಬೈಯಬೇಕು, ಆದರೆ ಬೈಯಲು ಮನಸ್ಸಿಲ್ಲ. ಒಂದು ರಾತ್ರಿ ಇನ್ನಿಬ್ಬರು ಮಕ್ಕಳನ್ನು ಎದುರು ಕೂರಿಸಿಕೊಂಡು, ನಿಮ್ಮಣ್ಣ ಚಿಕ್ಕವನಿದ್ದಾಗ ಜಾಣನಿದ್ದ, ನಾನೇ ಸರಿಯಾಗಿ ನೋಡಿಕೊಳ್ಳಲಿಲ್ಲ, ಹಸಿದುಕೊಂಡು ಬೆಳೆದ ಅಂತ ಹೇಳಿಕೊಳ್ಳುತ್ತಾನೆ. ಮಕ್ಕಳಿಬ್ಬರೂ ಕೂತಲ್ಲೇ ತೂಕಡಿಸುತ್ತಾರೆ. ಅಪ್ಪಂದಿರ ಭಾಷಣಕ್ಕೆ ಯಾವ ದೇಶದಲ್ಲೂ ಇದೇ ಮರ್ಯಾದೆ, ಅಲ್ವಾ? ಅವನ ಪಾಡಿಗೆ ಅವನು ಹೇಳುತ್ತಲೇ ಇರುತ್ತಾನೆ. ನಗುವೂ ಬರುತ್ತದೆ, ಹೊಟ್ಟೆಯಲ್ಲಿ ಏನೋ ಸಂಕಟವೂ ಆಗುತ್ತದೆ.

ಸ್ವಲ್ಪ ಹೊತ್ತಿಗೇ, ನದಿಯಿಂದೆದ್ದು ಬಂದು ಮೊಮ್ಮಗಳನ್ನು ಹೊತ್ತೊಯ್ದ ಆ ದೈತ್ಯ ಪ್ರಾಣಿ ಎದುರು ನಿಂತಿರುತ್ತದೆ. ಮಗ ಲೆಕ್ಕ ತಪ್ಪಿದ್ದರಿಂದ ಬಂದೂಕಿನಲ್ಲಿ ಗುಂಡಿಲ್ಲ. ಅಪ್ಪ ಕೂಗುವುದಿಲ್ಲ. ಮಕ್ಕಳಿಗೆ ಹೋಗಿ, ಹೋಗಿ ಅಂತ ಕೈ ಬೀಸುತ್ತಾನೆ, ಅಷ್ಟೇ. ಆ ವರ್ಷ ಕೊರಿಯಾದ ದೊಡ್ಡ ಸಿನಿಮಾ ಪ್ರಶಸ್ತಿಗಳಲ್ಲೊಂದಾದ ಬ್ಲೂ ಡ್ರ್ಯಾಗನ್‌ನ ಪೋಷಕ ನಟ ಪ್ರಶಸ್ತಿ ಅವರಿಗೆ ಬಂತು. ಆ ಒಂದು ಕೈಗೇ ಕೊಡಬಹುದಿತ್ತು.

2023ರಲ್ಲಿ, 81ನೇ ವಯಸ್ಸಿನಲ್ಲಿ ತೀರಿಕೊಂಡರು. ಕಾನ್ ಚಿತ್ರೋತ್ಸವದ ಮೆಟ್ಟಿಲು ಹತ್ತಿದ್ದು ‘ಓಕ್ಜಾ’ ಜೊತೆ, ಎಪ್ಪತ್ತು ದಾಟಿದ ಮೇಲೆ. ಅದರಲ್ಲಿ ಅಜ್ಜ ಮಾಡುವುದು ಒಳ್ಳೆಯ ಕೆಲಸವೇನಲ್ಲ. ಮೊಮ್ಮಗಳು ಜೀವದಂತೆ ಸಾಕಿದ ಹಂದಿಯನ್ನು ಕಂಪನಿಯವರು ಒಯ್ಯುತ್ತಾರೆ ಅನ್ನೋದನ್ನ ಮುಚ್ಚಿಡುತ್ತಾನೆ. ಆಮೇಲೆ ಅವಳ ಕೈಗೆ ಚಿನ್ನದ ಪುಟ್ಟ ಹಂದಿ ಕೊಟ್ಟು, ಮದುವೆಗೆ ಆಗುತ್ತೆ ಅಂತ ಸಮಾಧಾನ ಮಾಡಲು ನೋಡುತ್ತಾನೆ. ಬೇರೆ ಯಾರೇ ಈ ಪಾತ್ರ ಮಾಡಿದ್ದರೂ ಆ ಅಜ್ಜನಿಗೆ ನಾನು ಎರಡು ಮಾತು ಬೈಯುತ್ತಿದ್ದೆ.