ಟ್ರಿಂಕೋಮಲಿ: ಮಲಬಾರಿನ ತೇಗ, ಫ್ರೆಂಚರ ವಿನ್ಯಾಸ

ಇಂಗ್ಲೆಂಡಿನ ಹಾರ್ಟಲ್‌ಪೂಲ್‌ನಲ್ಲಿ ಈಗಲೂ ತೇಲುತ್ತಿರುವ ಹಳೆಯ ಯುದ್ಧನೌಕೆ ಎಚ್‌ಎಂಎಸ್ ಟ್ರಿಂಕೋಮಲಿ ಕುರಿತು ನಾನು ಓದಿದ ಲೇಖನವೊಂದು ಆ ಹಡಗನ್ನು ಬ್ರಿಟಿಷ್ ಕೌಶಲದ ಫಲವೆಂದು ಬಣ್ಣಿಸಿ, ಮುಂಬಯಿಯನ್ನು ಒಂದೇ ಸಾಲಿನಲ್ಲಿ ದಾಟಿಬಿಟ್ಟಿರುವುದು ನ್ಯಾಯವೆನಿಸಲಿಲ್ಲ. ಅದನ್ನು ಕಟ್ಟಿಸಿದವರು ಅಲ್ಲಿನ ಪಾರ್ಸಿ ನೌಕಾಶಿಲ್ಪಿ ಜಮ್ಶೆಡ್‌ಜಿ ಬೊಮನ್‌ಜಿ ವಾಡಿಯಾ. ಕೆಲಸ ಆರಂಭಿಸುವಾಗ ತಮ್ಮ ಸಂಪ್ರದಾಯದಂತೆ ತಳದ ತೊಲೆಗೆ ಬೆಳ್ಳಿಯ ಮೊಳೆಯೊಂದನ್ನು ಬಡಿದವರೂ ಅವರೇ. ವಿನ್ಯಾಸವಾದರೂ ಅಪ್ಪಟ ಬ್ರಿಟಿಷರದ್ದಲ್ಲ, 1782ರಲ್ಲಿ ಸೆರೆಸಿಕ್ಕ ‘ಹೀಬ್’ ಎಂಬ ಫ್ರೆಂಚ್ ಫ್ರಿಗೇಟಿನಿಂದ (ವೇಗದ, ಮಧ್ಯಮ ಗಾತ್ರದ ಯುದ್ಧನೌಕೆ) ಬಂದದ್ದು. ಮುಂಬಯಿಗೆ ಹೊರಟಿದ್ದ ಮೊದಲ ನಕ್ಷೆಗಳು, 1812ರಲ್ಲಿ ಅಮೆರಿಕದ ಕಾನ್‌ಸ್ಟಿಟ್ಯೂಷನ್ ನೌಕೆಗೆ ಸೋತ ಬ್ರಿಟಿಷ್ ಯುದ್ಧನೌಕೆ ‘ಜಾವಾ’ದೊಂದಿಗೆ ಕಳೆದುಹೋದುದರಿಂದ ಮತ್ತೊಂದು ಪ್ರತಿಯನ್ನು ಕಳುಹಿಸಬೇಕಾಯಿತು.

ಲೇಖನ ಮುಟ್ಟದ ಮುಖ್ಯ ಸಂಗತಿ ಮರದ್ದು. ಫ್ರಾನ್ಸಿನೊಂದಿಗಿನ ದೀರ್ಘ ಯುದ್ಧಗಳಿಂದ ಇಂಗ್ಲೆಂಡಿನಲ್ಲಿ ಓಕ್ ಮರಕ್ಕೆ ಅಭಾವ ಉಂಟಾಗಿದ್ದಾಗ ಮಲಬಾರಿನ ತೇಗ ಕೈಹಿಡಿಯಿತು. ಓಕ್‌ನ ಒಗರು ಆಮ್ಲವು ಕಬ್ಬಿಣದ ಮೊಳೆಗಳನ್ನು ತಿಂದುಹಾಕಿದರೆ, ತೇಗದೊಳಗಿನ ಎಣ್ಣೆಯಂಶವು ಅವುಗಳನ್ನು ತುಕ್ಕಿನಿಂದ ಕಾಯುತ್ತದೆ, ಮರವನ್ನೂ ಕೊಳೆಯಗೊಡುವುದಿಲ್ಲ.

1817ರ ಅಕ್ಟೋಬರ್ 12ರಂದು ನೀರಿಗಿಳಿದ ಹಡಗು ಇಂಗ್ಲೆಂಡ್ ತಲುಪುವ ವೇಳೆಗೆ ಯುದ್ಧ ಮುಗಿದು ವರ್ಷಗಳೇ ಆಗಿದ್ದವು. ಹೀಗಾಗಿ ಕಾಲು ಶತಮಾನ ಸುಮ್ಮನೆ ಲಂಗರು ಹಾಕಿ ನಿಂತು, 1845ರಲ್ಲಿ ಹಿಂಬದಿಯನ್ನು ಬದಲಿಸಿಕೊಂಡು, ಕಡಿಮೆ ಫಿರಂಗಿಗಳ ಕಾರ್ವೆಟ್ (ಫ್ರಿಗೇಟಿಗಿಂತ ಕಿರಿಯ ದರ್ಜೆಯ ಯುದ್ಧನೌಕೆ) ಆಗಿ, ಮೊದಲು ವೆಸ್ಟ್ ಇಂಡೀಸ್ ಕಡೆಗೂ ಬಳಿಕ ಪೆಸಿಫಿಕ್‌ಗೂ ಹೋಯಿತು. 1897ರಲ್ಲಿ ಒಡೆಯಲೆಂದು ಮಾರಿದ್ದ ಅದನ್ನು ವೀಟ್ಲಿ ಕಾಬ್ ಎಂಬವರು ಕೊಂಡು, ‘ಫೂಡ್ರೊಯಾಂಟ್’ ಎಂಬ ಹೆಸರಿನಲ್ಲಿ ತರಬೇತಿ ನೌಕೆಯಾಗಿಸಿದರು. ಮೂಲ ಹೆಸರು ಮರಳಿದ್ದು 1992ರಲ್ಲಿ.